ಮೂರು ಎಕರೆ ಹತ್ತು ಗುಂಟೆ

2017ರ ಅಕ್ಟೋಬರ್. ಕೊನೆಕೊಯ್ಲಿಗೆ ಇನ್ನೂ ಒಂದು ತಿಂಗಳಿತ್ತು. ಬೆಳಿಗ್ಗೆ ಹತ್ತರ ಹೊತ್ತಿಗೆ ಫಾರೆಸ್ಟ್ ಗಾರ್ಡ್ ಬೈಕಿನಲ್ಲಿ ಬಂದು ದಣಪೆಯ ಆಚೆಯೇ ನಿಂತರು. ಪರಿಚಯದವರೇ. ಬೇಸಿಗೆಯಲ್ಲಿ ಕಾಡಿಗೆ ಬೆಂಕಿ ಬಿದ್ದಾಗ ಹಸಿ ಸೊಪ್ಪು ಹಿಡಿದು ಅವರ ಜೊತೆ ನಾನೂ ಓಡಿದ್ದೇನೆ. "ಬನ್ನಿ, ಒಂದು ಲೋಟ ಕಾಫಿ ಕುಡ್ಕಂಡು ಹೋಗಿ" ಎಂದು ಅಮ್ಮ ಕರೆದರೂ ಒಳಗೆ ಬರಲಿಲ್ಲ. "ನಾಯ್ಕರು ಇದ್ದಾರಾ? ಒಂದು ಸೈನ್ ಬೇಕಿತ್ತು" ಎಂದು ಕವರು ಮುಂದೆ ಹಿಡಿದರು.

ಅಪ್ಪ ಕನ್ನಡಕ ಹಾಕಿಕೊಂಡು ಓದಲು ಶುರುಮಾಡಿದವರು ಎರಡನೇ ಸಾಲಿಗೆ ನಿಲ್ಲಿಸಿ ನನ್ನ ಕೈಗೆ ಕೊಟ್ಟರು. ಕರ್ನಾಟಕ ಅರಣ್ಯ ಕಾಯ್ದೆ 1963, ಕಲಂ 64ಎ. ಮೀಸಲು ಅರಣ್ಯದಲ್ಲಿ 3 ಎಕರೆ 10 ಗುಂಟೆ ಜಾಗವನ್ನು ಅನಧಿಕೃತವಾಗಿ ಒತ್ತುವರಿ ಮಾಡಿ ಅಡಿಕೆ ಬೆಳೆದಿದ್ದೀರಿ, ನಿಮ್ಮನ್ನು ಏಕೆ ತೆರವುಗೊಳಿಸಬಾರದು ಎಂಬುದಕ್ಕೆ ಹದಿನೈದು ದಿನದೊಳಗೆ ಸಮಜಾಯಿಷಿ ಕೊಡಿ ಎಂದಿತ್ತು. ಕೆಳಗೆ ಎಂಟು ಜಿಪಿಎಸ್ ಬಿಂದುಗಳ ಪಟ್ಟಿ. ಅಪ್ಪ ಜಗಲಿಯ ಮೇಲೆ ಕೂತು ಒಂದೇ ಮಾತು ಕೇಳಿದರು: "ನಮ್ಮನ್ನ ಇಲ್ಲಿಗೆ ತಂದು ಇಳ್ಸಿದ್ದು ಸರ್ಕಾರದವ್ರೇ ಅಲ್ವೇನೋ?"

ನಮ್ಮದು ಶರಾವತಿ ಮುಳುಗಡೆಯ ಕುಟುಂಬ. ಲಿಂಗನಮಕ್ಕಿ ಅಣೆಕಟ್ಟು ಮುಗಿದದ್ದು 1964ರಲ್ಲಿ. ಅದಕ್ಕೂ ಮೂರು ವರ್ಷ ಮೊದಲು, 1961ರ ಬೇಸಿಗೆಯಲ್ಲಿ, ನಮ್ಮೂರಿನ ಹನ್ನೊಂದು ಮನೆಯವರನ್ನು ಲಾರಿಗೆ ಹತ್ತಿಸಿ ತಂದು ಈ ಕಾನಿನ ಅಂಚಿನಲ್ಲಿ ಇಳಿಸಿದರು. ಅಪ್ಪನಿಗೆ ಆಗ ಹನ್ನೆರಡು ವರ್ಷ. ಅಜ್ಜನಿಗೆ ಎರಡು ಎಕರೆ ತೋರಿಸಿ ಒಂದು ಚೀಟಿ ಬರೆದುಕೊಟ್ಟರಂತೆ. ಆ ಚೀಟಿ ಇವತ್ತಿಗೂ ನಮ್ಮಲ್ಲಿದೆ. ಮಡಿಕೆ ಬಿದ್ದ ಕಡೆಯೆಲ್ಲ ಹರಿದು ನಾಲ್ಕು ತುಂಡಾಗಿದೆ. ಸರ್ವೆ ನಂಬರ್ ಇಲ್ಲ, ಬರೀ ಚೆಕ್ಕುಬಂದಿ ಇದೆ: ಪೂರ್ವಕ್ಕೆ ಹಳ್ಳ, ಉತ್ತರಕ್ಕೆ ಗಾಡಿದಾರಿ, ದಕ್ಷಿಣಕ್ಕೆ ಪಕ್ಕದವರಿಗೆ ತೋರಿಸಿದ ಜಾಗ, ಪಶ್ಚಿಮಕ್ಕೆ ಸರ್ಕಾರಿ ಕಾಡು. ಆ ಕೊನೆಯ ಮೂರು ಶಬ್ದ ಮುಂದೆ ಎಷ್ಟು ಬೆಲೆ ಬಾಳುತ್ತದೆ ಎಂದು ನಮಗೆ ಆಗ ಗೊತ್ತಿರಲಿಲ್ಲ.

ಇಲ್ಲಿ ಒಂದು ವಿಷಯವನ್ನು ಮುಚ್ಚುಮರೆಯಿಲ್ಲದೆ ಹೇಳಬೇಕು. ನೋಟಿಸಿನಲ್ಲಿದ್ದ 3 ಎಕರೆ 10 ಗುಂಟೆ ಪೂರ್ತಿ ಅಜ್ಜನಿಗೆ ತೋರಿಸಿದ ಜಾಗವಲ್ಲ. ಅಜ್ಜನದು 2 ಎಕರೆ. 1973ರ ಸುಮಾರಿಗೆ ಅಪ್ಪ ಪಶ್ಚಿಮದ ದರೆ ಕಡಿದು 30 ಗುಂಟೆ ಸೇರಿಸಿದರು. ಮೊದಲು ಅಲ್ಲಿ ಭತ್ತ, ಆಮೇಲೆ ಅಡಿಕೆ. ಉಳಿದ 20 ಗುಂಟೆ ನಾನು ಮಾಡಿದ್ದು, 2009ರಲ್ಲಿ. ಅಡಿಕೆಗೆ ರೇಟು ಬಂದಿತ್ತು, ಸುತ್ತಮುತ್ತ ಎಲ್ಲರೂ ಬೇಲಿ ಜರುಗಿಸುತ್ತಿದ್ದರು, ನಾನೂ ಜೆಸಿಬಿ ತರಿಸಿದೆ. ಅಪ್ಪ ಬೇಡ ಎಂದಿದ್ದರು. ಮೇಲಿನ ಕಾನಿನಿಂದ ಬರುವ ಅಬ್ಬಿ ನೀರೇ ನಮ್ಮ ತೋಟದ ಜೀವ, ಕಾನು ಸವೆದರೆ ನೀರು ಎಲ್ಲಿಂದ ಎಂದಿದ್ದರು. ನಾನು ಕೇಳಲಿಲ್ಲ. ಈ ಕಥೆಯಲ್ಲಿ ನನ್ನ ತಪ್ಪು ಅದು, ಅದಕ್ಕೆ ಬೇರೆ ಹೆಸರಿಲ್ಲ.

ಆ 20 ಗುಂಟೆಯಿಂದ ಇನ್ನೊಂದು ಪೆಟ್ಟು ಬಿತ್ತು. ಮೂರು ಎಕರೆಯೊಳಗಿನ ಸಣ್ಣ ರೈತರನ್ನು ಒಕ್ಕಲೆಬ್ಬಿಸುವುದಿಲ್ಲ ಎಂದು ಮಂತ್ರಿಗಳು ಹೇಳುತ್ತಲೇ ಬಂದಿದ್ದರು. 2 ಎಕರೆ 30 ಗುಂಟೆಗೆ ನಿಂತಿದ್ದರೆ ನಾವು ಆ ಲೆಕ್ಕದಲ್ಲಿ ಸೇರುತ್ತಿದ್ದೆವು. ಹತ್ತು ಗುಂಟೆ ಮೀರಿದ್ದಕ್ಕೆ 'ದೊಡ್ಡ ಒತ್ತುವರಿ' ಪಟ್ಟಿಗೆ ಹೋದೆವು. ಆಮೇಲೆ ವಕೀಲರು ಹೇಳಿದರು, "ಅದು ಮಂತ್ರಿಗಳ ಮಾತು, ಕಾನೂನಲ್ಲ. ಅದನ್ನ ನಂಬ್ಕೊಂಡು ಕೂತಿದ್ರೂ ಕೋರ್ಟಲ್ಲಿ ನಡೀತಿರ್ಲಿಲ್ಲ."

ನೋಟಿಸ್ ಬಂದ ದಿನ ಸಂಜೆಗೇ ಮನೆ ತುಂಬ ಜನ. ಒಬ್ಬರು "ತಗೋಬಾರ್ದಿತ್ತು ಮಾರಾಯ" ಎಂದರು. ಇನ್ನೊಬ್ಬರು "ಉತ್ತರ ಕೊಟ್ರೆ ಒತ್ತುವರಿ ಒಪ್ಪಿಕೊಂಡ ಹಾಗೆ" ಎಂದರು. ಎರಡೂ ತಪ್ಪು. ತೆಗೆದುಕೊಳ್ಳದಿದ್ದರೆ ಬಾಗಿಲಿಗೆ ಅಂಟಿಸಿ, ಪಂಚರ ಸಹಿ ಹಾಕಿಸಿ, ಜಾರಿಯಾಗಿದೆ ಎಂದು ಬರೆದುಕೊಳ್ಳುತ್ತಾರೆ. ಉತ್ತರ ಕೊಡದಿದ್ದರೆ 'ಅವಕಾಶ ನೀಡಿದರೂ ದಾಖಲೆ ಹಾಜರುಪಡಿಸಿರುವುದಿಲ್ಲ' ಎಂಬ ಒಂದು ಸಾಲಿನ ಮೇಲೆ ಆದೇಶವಾಗುತ್ತದೆ. ನಮ್ಮ ಊರಿನಲ್ಲಿ ಆಗ ಆರು ಜನಕ್ಕೆ ನೋಟಿಸ್ ಬಂದಿತ್ತು. ಉತ್ತರ ಕೊಟ್ಟವರು ಇಬ್ಬರೇ.

64ಎ ಅಡಿ ವಿಚಾರಣೆ ಮಾಡುವವರು ಸಿವಿಲ್ ನ್ಯಾಯಾಧೀಶರಲ್ಲ. ಸಹಾಯಕ ಅರಣ್ಯ ಸಂರಕ್ಷಣಾಧಿಕಾರಿ, ಅಂದರೆ ಎಸಿಎಫ್ ದರ್ಜೆಗಿಂತ ಕಡಿಮೆಯಿಲ್ಲದ ಅರಣ್ಯಾಧಿಕಾರಿ. ಒತ್ತುವರಿಯಾಗಿದೆ ಎನ್ನುವುದೂ ಇಲಾಖೆ, ಆಗಿದೆಯೋ ಇಲ್ಲವೋ ಎಂದು ತೀರ್ಮಾನಿಸುವುದೂ ಅದೇ ಇಲಾಖೆ. ನಾನು ಸಿವಿಲ್ ಕೋರ್ಟಿಗೆ ಹೋಗಿ ಇಂಜಂಕ್ಷನ್ ತರುತ್ತೇನೆಂದು ಹೊರಟಿದ್ದೆ. ತಾಲೂಕು ಕೋರ್ಟಿನ ವಕೀಲರು ತಡೆದರು. ಹಕ್ಕುಪತ್ರ ಇಲ್ಲದೆ ದಾವೆ ಹೂಡಿದರೆ ಮೊದಲ ವಾಯಿದೆಗೇ ಬೀಳುತ್ತೆ, ಮೊದಲು ದಾಖಲೆ ಕೂಡಿಸು ಎಂದರು.

ಮುಂದಿನ ನಾಲ್ಕು ತಿಂಗಳು ನಾನು ತೋಟದಲ್ಲಿ ಇದ್ದದ್ದಕ್ಕಿಂತ ಕಚೇರಿಗಳ ಕಾರಿಡಾರಿನಲ್ಲಿ ಇದ್ದದ್ದೇ ಹೆಚ್ಚು. ರೆಕಾರ್ಡ್ ರೂಮಿನಲ್ಲಿ ಅರ್ಜಿ ಕೊಟ್ಟು ಕೈಬರಹದ ಪಹಣಿಗಳನ್ನು ತೆಗೆಸಿದೆ. ಕಂಪ್ಯೂಟರ್ ಪಹಣಿಯಲ್ಲಿ ಆ ನಂಬರಿಗೆ 'ಸರ್ಕಾರಿ, ಅರಣ್ಯ' ಎಂದಿದ್ದರೆ, 1968ರ ಕೈಬರಹದ ಪಹಣಿಯಲ್ಲಿ 'ಸರ್ಕಾರಿ ಪಡಾ', ಅಂದರೆ ಪಾಳು ಬಿದ್ದ ಸರ್ಕಾರಿ ಜಮೀನು ಎಂದಿತ್ತು, ಸಾಗುವಳಿದಾರರ ಕಾಲಂನಲ್ಲಿ ಅಜ್ಜನ ಹೆಸರು ಪೆನ್ಸಿಲಿನಲ್ಲಿ ಬರೆದಿತ್ತು. ನಡುವೆ ಯಾವ ಆದೇಶದ ಮೇಲೆ 'ಪಡಾ' ಹೋಗಿ 'ಅರಣ್ಯ' ಬಂತು ಎಂದು ಕೇಳಿ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿದೆ. 'ಕಡತ ಲಭ್ಯವಿರುವುದಿಲ್ಲ' ಎಂಬ ಹಿಂಬರಹ ಬಂತು. ಬೇಜಾರಿನಿಂದ ಅದನ್ನು ಮೂಲೆಗೆ ಎಸೆದಿದ್ದೆ. ವಕೀಲರು "ಅಯ್ಯೋ, ಇದೇ ಬೇಕಾಗಿರೋದು. ಜೋಪಾನ ಮಾಡು" ಎಂದರು. ಕಡತ ಇಲ್ಲ ಎಂದು ಬರೆದುಕೊಟ್ಟ ಕಾಗದವೂ ದಾಖಲೆಯೇ ಎಂದು ಅವತ್ತು ತಿಳಿಯಿತು.

ಜೊತೆಗೆ ಸಾಗುವಳಿ ಸಕ್ರಮ ಮಾಡಿಕೊಡಿ ಎಂದು ಅಪ್ಪ 1991ರಲ್ಲಿ ಹಾಕಿದ್ದ ನಮೂನೆ 50ರ ಸ್ವೀಕೃತಿ, 1999ರ ನಮೂನೆ 53ರ ಸ್ವೀಕೃತಿ, ಸರ್ಕಾರಿ ಜಾಗದ ಅನಧಿಕೃತ ಸಾಗುವಳಿಗೆ ಹಾಕುವ ಟಿಟಿ ದಂಡ ಕಟ್ಟಿದ ಎರಡು ರಸೀದಿ. ಬಗರ್‌ಹುಕುಂ ಸಮಿತಿಯ ಮುಂದೆ ಆ ಅರ್ಜಿಗಳು ಎಷ್ಟೋ ಸಲ ಬಂದು, 'ಅರಣ್ಯ ಇಲಾಖೆ ಅಭಿಪ್ರಾಯ ಬಾಕಿ' ಎಂದು ಹಾಗೆಯೇ ಉಳಿದಿದ್ದವು. 1980ರ ಅರಣ್ಯ ಸಂರಕ್ಷಣಾ ಕಾಯ್ದೆ ಬಂದ ಮೇಲೆ ಕೇಂದ್ರದ ಅನುಮತಿ ಇಲ್ಲದೆ ರಾಜ್ಯ ಸರ್ಕಾರ ಒಂದು ಗುಂಟೆ ಅರಣ್ಯವನ್ನೂ ಮಂಜೂರು ಮಾಡುವ ಹಾಗಿಲ್ಲ. 1978ರ ಏಪ್ರಿಲ್ 27ಕ್ಕೂ ಹಿಂದಿನ ಒತ್ತುವರಿಗಳ ಪಟ್ಟಿ ಮಾಡಿ ಕಳಿಸಿದಾಗ 14,848 ಹೆಕ್ಟೇರಿಗೆ ಕೇಂದ್ರ ಒಪ್ಪಿತ್ತು. ಅಪ್ಪನ 30 ಗುಂಟೆ ಆ ಪಟ್ಟಿಗೆ ಸೇರಬೇಕಾದದ್ದೇ. ಆದರೆ ಪಟ್ಟಿ ಮಾಡುವಾಗ ಅಪ್ಪ "ನಮ್ಮದು ಸರ್ಕಾರ ಕೊಟ್ಟ ಜಾಗ, ಒತ್ತುವರಿ ಅಂತ ಯಾಕೆ ಬರೆಸೋದು" ಎಂದು ಹೆಸರು ಕೊಡಲಿಲ್ಲ. ಮರ್ಯಾದೆಗೆ ಅಂಜಿ ಹಾಗೆ ಬಿಟ್ಟವರು ನಮ್ಮೂರಲ್ಲಿ ಇನ್ನೂ ಇದ್ದಾರೆ.

ಎಸಿಎಫ್ ಮುಂದೆ ಮೂರು ಸಲ ಹಾಜರಾದೆವು. ಎರಡು ಸಲ ಸಾಹೇಬರು ಟೂರಿನಲ್ಲಿದ್ದರು. ಮೂರನೆಯ ಸಲ ಅಪ್ಪ ಚೀಟಿಯ ನಾಲ್ಕು ತುಂಡುಗಳನ್ನು ಪ್ಲಾಸ್ಟಿಕ್ ಕವರಿನಲ್ಲಿ ಜೋಡಿಸಿ ಮೇಜಿನ ಮೇಲಿಟ್ಟರು. ಅಧಿಕಾರಿ ಒರಟಾಗಿ ಮಾತಾಡಲಿಲ್ಲ, ಚೀಟಿಯನ್ನು ಬಗ್ಗಿ ಓದಿದರು ಕೂಡ. ಆಮೇಲೆ ಕಡತದಿಂದ ಇನ್ನೊಂದು ಹಾಳೆ ತೆಗೆದರು. "ನಾಯ್ಕರೇ, ಈ ಸೈನ್ ನಿಮ್ದೇನಾ?"

ಅದು 2014ರದ್ದು. ಆ ವರ್ಷ ಫಾರೆಸ್ಟರ್ ಒಬ್ಬರು ಬಂದು, ದರಗು ಗುಡಿಸಿದ್ದಕ್ಕೆ ಒಂದು ಸಣ್ಣ ಕೇಸು, ದಂಡ ಕಟ್ಟಿದರೆ ಮುಗಿಯಿತು ಎಂದು ಹೇಳಿ ಅಪ್ಪನ ಸಹಿ ಪಡೆದಿದ್ದರು. ಅಪ್ಪ ಸಹಿ ಮಾಡಿದಾಗ ಹಾಳೆಯ ಮೇಲ್ಭಾಗ ಖಾಲಿ ಇತ್ತಂತೆ. ಈಗ ಅದರಲ್ಲಿ ತುಂಬಿದ ಅಕ್ಷರ: 'ನಾನು ಸದರಿ ಮೀಸಲು ಅರಣ್ಯದಲ್ಲಿ ಇತ್ತೀಚೆಗೆ ಒತ್ತುವರಿ ಮಾಡಿರುವುದು ನಿಜ, ತಪ್ಪಾಗಿದೆ, ಕ್ಷಮಿಸಬೇಕು.' ಕೆಳಗೆ ಅಪ್ಪನ ಸಹಿ, ಕೊನೆಯ ಅಕ್ಷರದ ಕೊಂಬು ಉದ್ದಕ್ಕೆ ಎಳೆದ ಅದೇ ಸಹಿ. ಎಫ್‌ಒಸಿ, ಅಂದರೆ ಅರಣ್ಯ ಅಪರಾಧ ಪ್ರಕರಣದ ನಂಬರ್, ಮಹಜರು, ಇಬ್ಬರು ಪಂಚರು. ಪಂಚರಲ್ಲಿ ಒಬ್ಬರು ನಮ್ಮ ಪಕ್ಕದ ಮನೆಯವರು. ಅವರಿಗೂ ಯಾವುದಕ್ಕೆ ಸಹಿ ಮಾಡಿದ್ದೆಂದು ಗೊತ್ತಿರಲಿಲ್ಲ. ಬಸ್ಸಿನಲ್ಲಿ ವಾಪಸು ಬರುವಾಗ ಅಪ್ಪ ಊರು ಬರುವ ತನಕ ಬಾಯಿಬಿಡಲಿಲ್ಲ.

2018ರ ಮಾರ್ಚಿನಲ್ಲಿ ಆದೇಶವಾಯಿತು. ಮೂರು ಪುಟ. ಎರಡೂವರೆ ಪುಟ ಊರಿನ ಎಲ್ಲರ ಆದೇಶದಲ್ಲೂ ಒಂದೇ. ಹೆಸರು, ನಂಬರ್, ವಿಸ್ತೀರ್ಣ ಮಾತ್ರ ಬೇರೆ. ಚೀಟಿಯ ಬಗ್ಗೆ ಒಂದು ಅಕ್ಷರವಿಲ್ಲ. ಮೇಲ್ಮನವಿ ಸರ್ಕಲ್ ಕಚೇರಿಯಲ್ಲಿ ಮುಖ್ಯ ಅರಣ್ಯ ಸಂರಕ್ಷಣಾಧಿಕಾರಿಗಳ ಮುಂದೆ. ವರ್ಷದ ಕೊನೆಗೆ ಅದೂ ವಜಾ ಆಯಿತು.

ಈ ಮಧ್ಯೆ ಅರಣ್ಯ ಹಕ್ಕಿನ ಅರ್ಜಿಯ ಕಥೆ ಬೇರೆಯೇ ನಡೆದಿತ್ತು. 2006ರ ಅರಣ್ಯ ಹಕ್ಕು ಕಾಯ್ದೆಯಡಿ 2010ರಲ್ಲೇ ನಾವು ನಮೂನೆ 'ಎ' ತುಂಬಿ ಗ್ರಾಮದ ಅರಣ್ಯ ಹಕ್ಕು ಸಮಿತಿಗೆ ಕೊಟ್ಟಿದ್ದೆವು. ಗ್ರಾಮಸಭೆ ಒಪ್ಪಿ ಕಳಿಸಿತ್ತು. ಅದು ಎಲ್ಲಿದೆ ಎಂದು ವಿಚಾರಿಸಿದರೆ, ಉಪವಿಭಾಗ ಮಟ್ಟದ ಸಮಿತಿ ಎರಡು ವರ್ಷದ ಹಿಂದೆಯೇ ತಿರಸ್ಕರಿಸಿತ್ತು! ನಮಗೆ ತಿಳಿವಳಿಕೆ ಪತ್ರವೇ ಬಂದಿರಲಿಲ್ಲ. ಕಾರಣ: '75 ವರ್ಷಗಳ ದಾಖಲೆ ಇಲ್ಲ'.

ಬುಡಕಟ್ಟಿನವರಲ್ಲದ ಪಾರಂಪರಿಕ ಅರಣ್ಯವಾಸಿಗಳಿಗೆ ಕಾಯ್ದೆ ಎರಡು ಷರತ್ತು ಹಾಕುತ್ತದೆ. 2005ರ ಡಿಸೆಂಬರ್ 13ಕ್ಕೆ ಮೊದಲು ಮೂರು ತಲೆಮಾರು, ತಲೆಮಾರಿಗೆ 25ರಂತೆ 75 ವರ್ಷ, ಅರಣ್ಯದಲ್ಲಿ ವಾಸವಿದ್ದು ಅದನ್ನು ಅವಲಂಬಿಸಿರಬೇಕು. ಸಾಗುವಳಿ ಅದೇ ದಿನಾಂಕಕ್ಕೆ ಮೊದಲಿನದಾಗಿರಬೇಕು. ಕಚೇರಿಗಳಲ್ಲಿ ಈ ಎರಡನ್ನೂ ಕಲಸಿ, ಇದೇ ತುಂಡು ನೆಲವನ್ನು 75 ವರ್ಷ ಸಾಗುವಳಿ ಮಾಡಿದ್ದಕ್ಕೆ ಪಹಣಿ ತನ್ನಿ ಎನ್ನುತ್ತಾರೆ. 75 ವರ್ಷ ವಾಸಕ್ಕೆ ಸಂಬಂಧಪಟ್ಟದ್ದು, ಆ ತುಂಡು ನೆಲದ ಸಾಗುವಳಿಗಲ್ಲ. ಆದರೆ ನಮ್ಮ ಮಟ್ಟಿಗೆ ವಾಸದ ಪುರಾವೆಯೇ ಕಷ್ಟದ್ದು. 1930ಕ್ಕೆ ಹೋಗಬೇಕು. 1930ರಲ್ಲಿ ನಮ್ಮ ಅಜ್ಜನ ಅಪ್ಪ ಇದ್ದ ಊರು ಈಗ ನೀರಿನಡಿ ಇದೆ.

ಎಲ್ಲ ಬೇಸಿಗೆಯಲ್ಲೂ ಅಲ್ಲ, ಮಳೆ ಕಡಿಮೆಯಾದ ವರ್ಷದ ಮೇ ತಿಂಗಳಲ್ಲಿ ಹಿನ್ನೀರು ತೀರಾ ಇಳಿಯುತ್ತದೆ. ಆಗ ಲಿಂಗನಮಕ್ಕಿಗೂ ಮುಂಚೆ ಕಟ್ಟಿ ಮುಳುಗಿದ ಮಡೇನೂರಿನ ಹಿರೇಭಾಸ್ಕರ ಅಣೆಕಟ್ಟೇ ಮೇಲೆದ್ದು ಕಾಣುತ್ತದೆ. ಅಂಥ ಒಂದು ಬೇಸಿಗೆಯಲ್ಲಿ ಅಪ್ಪ ನನ್ನನ್ನು ಕರೆದುಕೊಂಡು ಹೋಗಿದ್ದರು. ಒಣಗಿ ಬಿರಿದ ಕೆಸರಿನಲ್ಲಿ ಅರ್ಧ ಗಂಟೆ ನಡೆದ ಮೇಲೆ ಒಂದು ಮನೆಯ ಕಲ್ಲಿನ ಪಂಚಾಂಗ, ಅಂದರೆ ಅಡಿಪಾಯ, ಸಿಕ್ಕಿತು. ಅಪ್ಪ ಅದರ ಮೇಲೆ ಹತ್ತಿ, "ಇದು ಒಳ, ಇದು ಜಗ್ಲಿ, ಇಲ್ಲಿ ಒರಳು" ಎಂದು ಕಾಲಿನಿಂದ ತೋರಿಸುತ್ತಾ ಹೋದರು. ಒರಳು ಇತ್ತು. ಅದರ ಗುಳಿ ತುಂಬ ಮಣ್ಣು ಕೂತಿತ್ತು. ಅದನ್ನು ಯಾವ ಸಮಿತಿಯ ಮುಂದೆ ಹೊತ್ತುಕೊಂಡು ಹೋಗುವುದು?

ಕಾಯ್ದೆಯ ನಿಯಮಗಳನ್ನು ಕೂತು ಓದಿದಾಗ ದಾರಿ ಕಂಡಿತು. 13ನೇ ನಿಯಮದ ಪುರಾವೆಗಳ ಪಟ್ಟಿಯಲ್ಲಿ ಸರ್ಕಾರಿ ಕಾಗದ ಮಾತ್ರವಲ್ಲ, ಅರ್ಜಿದಾರರಲ್ಲದ ಹಿರಿಯರ ಹೇಳಿಕೆಯನ್ನು ಬರೆದುಕೊಂಡದ್ದೂ ಇದೆ. ಒಂದಕ್ಕಿಂತ ಹೆಚ್ಚು ಬಗೆಯ ಪುರಾವೆ ಕೊಡಬೇಕು. ನಾನು ಮುಳುಗಡೆ ಭೂಸ್ವಾಧೀನದ ಅವಾರ್ಡ್, ಅಂದರೆ ಪರಿಹಾರ ನಿಗದಿ ಮಾಡಿದ ಆದೇಶದ ಪ್ರತಿಗೆ ಅರ್ಜಿ ಹಾಕಿದೆ. ಎಂಟು ತಿಂಗಳಿಗೆ ಸಿಕ್ಕಿತು. ಅದರಲ್ಲಿ ಮುತ್ತಜ್ಜನ ಹೆಸರು, ಮನೆಯ ಅಳತೆ, ಹನ್ನೆರಡು ಮಾವಿನ ಮರಕ್ಕೆ ಕಟ್ಟಿದ ಬೆಲೆ ಎಲ್ಲ ಇತ್ತು. ಇನ್ನು ಹೇಳಿಕೆ. ಅದಕ್ಕೆ ಇದ್ದದ್ದು ಒಬ್ಬರೇ, ಅದೇ ಲಾರಿಯಲ್ಲಿ ಬಂದಿದ್ದ ಕೆಳಗಿನ ಮನೆ ಅಜ್ಜಿ.

ಅವರಿಗೆ ಆಗ ಎಂಬತ್ತೆರಡು. ಅರಣ್ಯ ಹಕ್ಕು ಸಮಿತಿಯ ಅಧ್ಯಕ್ಷರು, ಕಾರ್ಯದರ್ಶಿ, ನಾನು, ಅವರ ಮನೆ ಜಗಲಿಯಲ್ಲಿ ಕೂತೆವು. ಅಜ್ಜಿ ಎಲೆ ಅಡಿಕೆ ಕುಟ್ಟಿಕೊಳ್ಳುತ್ತಾ ಹೇಳುತ್ತಾ ಹೋದರು. ಹುಟ್ಟಿದ ಊರು, ಮದುವೆಯಾಗಿ ಬಂದ ಊರು, ಯಾರ ಮನೆ ಪಕ್ಕ ಯಾರ ಮನೆ. ಲಾರಿ ಹತ್ತುವ ದಿನ ಒಲೆಯ ಮೇಲಿದ್ದ ಗಂಜಿ ಪಾತ್ರೆಯನ್ನು ಹಾಗೆಯೇ ಮಡಿಲಲ್ಲಿಟ್ಟುಕೊಂಡು ಬಂದದ್ದು. "ಮಗಿಗೆ ಹಸಿವಾಗ್ತಿತ್ತು. ಅದಕ್ಕೇ ಬಿಟ್ಟು ಬರ್ಲಿಲ್ಲ." ಇಳಿಸಿದ ಜಾಗದಲ್ಲಿ ನೆರಳಿಗೆ ಒಂದು ಗುಡಿಸಲೂ ಇರಲಿಲ್ಲವಂತೆ, ಮೊದಲ ಮಳೆಗಾಲವನ್ನು ಹನ್ನೊಂದು ಮನೆಯವರೂ ಒಂದೇ ಸೋಗೆ ಚಪ್ಪರದಡಿ ಕಳೆದರಂತೆ. ಕಾರ್ಯದರ್ಶಿ ಬರೆಯುವುದನ್ನು ನಿಲ್ಲಿಸಿಬಿಟ್ಟಿದ್ದರು. "ಬರ್ಕಳಪ್ಪ" ಎಂದು ಅಜ್ಜಿಯೇ ನೆನಪಿಸಿದರು. ಕೊನೆಗೆ ಎಡಗೈ ಹೆಬ್ಬೆಟ್ಟು ಒತ್ತಿದರು. ಸುಣ್ಣ ಮೆತ್ತಿದ ಬೆರಳಾದ್ದರಿಂದ ಮೊದಲ ಗುರುತು ಸರಿ ಮೂಡಲಿಲ್ಲ, ತೊಳೆದು ಇನ್ನೊಮ್ಮೆ ಒತ್ತಿಸಿದೆವು. ಈ ಹೇಳಿಕೆ, ಅವಾರ್ಡು, ಚೀಟಿ, ಮೂರನ್ನೂ ಸೇರಿಸಿ ಜಿಲ್ಲಾಧಿಕಾರಿಗಳ ಅಧ್ಯಕ್ಷತೆಯ ಜಿಲ್ಲಾ ಮಟ್ಟದ ಸಮಿತಿಗೆ ಮನವಿ ಹಾಕಿದೆವು. ತೀರ್ಮಾನವಾದ ಅರವತ್ತು ದಿನದೊಳಗೆ ಹಾಕಬೇಕು. ತೀರ್ಮಾನವೇ ನಮಗೆ ತಿಳಿಸಿರಲಿಲ್ಲ, ತಿಳಿದ ದಿನದಿಂದ ಎಣಿಸಿ ಎಂದು ಕಾರಣ ಬರೆದೆವು.

2019ರ ಫೆಬ್ರುವರಿ ನೆನಪಾದರೆ ಈಗಲೂ ಹೊಟ್ಟೆಯಲ್ಲಿ ಏನೋ ಆಗುತ್ತದೆ. ಅರಣ್ಯ ಹಕ್ಕು ಅರ್ಜಿ ತಿರಸ್ಕೃತವಾದವರನ್ನು ತೆರವುಗೊಳಿಸಿ ಎಂದು ಸುಪ್ರೀಂ ಕೋರ್ಟ್ 13ನೇ ತಾರೀಕಿನ ಆದೇಶದಲ್ಲಿ ರಾಜ್ಯಗಳಿಗೆ ಹೇಳಿತ್ತು. ಟಿವಿಯಲ್ಲಿ ಅದು ಬಂದ ರಾತ್ರಿ ನಮ್ಮೂರಲ್ಲಿ ಯಾರ ಮನೆಯ ದೀಪವೂ ಬೇಗ ಆರಲಿಲ್ಲ. 28ನೇ ತಾರೀಕು ಕೋರ್ಟೇ ಆ ಆದೇಶವನ್ನು ತಡೆಹಿಡಿದು, ತಿರಸ್ಕರಿಸುವಾಗ ಸರಿಯಾದ ಕ್ರಮ ಅನುಸರಿಸಿದ್ದೀರಾ ಎಂದು ರಾಜ್ಯಗಳನ್ನು ಕೇಳಿತು. ನಮಗೆ ತಿಳಿವಳಿಕೆಯನ್ನೇ ಕೊಡದೆ ತಿರಸ್ಕರಿಸಿದ್ದರಲ್ಲ, ಆ ಪ್ರಶ್ನೆ ನಮಗಾಗಿಯೇ ಕೇಳಿದಂತಿತ್ತು.

ಅದೇ ವರ್ಷ ತಾಳಗುಪ್ಪದ ರಾತ್ರಿ ರೈಲು ಹತ್ತಿ ಬೆಂಗಳೂರಿಗೆ ಹೋಗಿ ಹೈಕೋರ್ಟಿನಲ್ಲಿ ರಿಟ್ ಹಾಕಿದೆವು. ವಕೀಲರ ಫೀಜಿಗೆ ಆ ವರ್ಷದ ಅಡಿಕೆಯ ಅರ್ಧ ದುಡ್ಡು ಹೋಯಿತು. ನಮ್ಮ ವಾದ ಎರಡೇ. ಅರಣ್ಯ ಹಕ್ಕು ಕಾಯ್ದೆಯ ಕಲಂ 4(5)ರ ಪ್ರಕಾರ ಅರ್ಜಿಯ ಪರಿಶೀಲನೆ ಪೂರ್ತಿ ಮುಗಿಯುವ ತನಕ ಸ್ವಾಧೀನದಲ್ಲಿರುವವರನ್ನು ಎಬ್ಬಿಸುವಂತಿಲ್ಲ, ನಮ್ಮ ಮನವಿ ಇನ್ನೂ ಜಿಲ್ಲಾ ಸಮಿತಿಯಲ್ಲಿದೆ. ಎರಡನೆಯದು, ಚೀಟಿಯಲ್ಲಿ ಕಾಡನ್ನು ಪಶ್ಚಿಮದ ಗಡಿಯಾಗಿ ತೋರಿಸಿದ್ದಾರೆ. ಹಾಗಿದ್ದರೆ ಚೀಟಿಯೊಳಗಿನ ಜಾಗ ಕಾಡು ಹೇಗಾಯಿತು, ಗಡಿ ಅಳೆದವರು ಯಾರು? ಕೋವಿಡ್ ಬಂದು ಎಲ್ಲ ನಿಂತು, 2021ರಲ್ಲಿ ತೀರ್ಪು ಬಂತು. ಎರಡೂ ಆದೇಶ ರದ್ದು, ಕಂದಾಯ ಮತ್ತು ಅರಣ್ಯ ಇಲಾಖೆಗಳು ಜಂಟಿ ಸರ್ವೆ ಮಾಡಿ, ದಾಖಲೆ ಪರಿಶೀಲಿಸಿ, ಕಾರಣ ಸಹಿತ ಹೊಸದಾಗಿ ತೀರ್ಮಾನಿಸಬೇಕು, ಅಲ್ಲಿಯವರೆಗೆ ತೆರವು ಇಲ್ಲ. ಅದೇ ವರ್ಷ, ಮುಳುಗಡೆ ಸಂತ್ರಸ್ತರಿಗಾಗಿ ಕೇಂದ್ರದ ಅನುಮತಿ ಪಡೆಯದೆ ರಾಜ್ಯ ಸರ್ಕಾರ ಅರಣ್ಯವನ್ನು ಕೈಬಿಟ್ಟು ಹೊರಡಿಸಿದ್ದ ಅಧಿಸೂಚನೆಗಳು ಹೈಕೋರ್ಟಿನಲ್ಲಿ ಬಿದ್ದಿದ್ದವು. ಹಾಗಾಗಿ ಊರಿನವರಿಗೆ ನಮ್ಮ ತೀರ್ಪು ಕೇಳಿ ಖುಷಿಪಡಬೇಕೋ ಹೆದರಬೇಕೋ ತಿಳಿಯಲಿಲ್ಲ.

ಜಂಟಿ ಸರ್ವೆಗೆ ದಿನ ಗೊತ್ತಾದದ್ದು 2022ರ ಜನವರಿಯಲ್ಲಿ. ಅದಕ್ಕೆ ಮೊದಲು ನಾನು ಮೀಸಲು ಅರಣ್ಯದ ಮೂಲ ಅಧಿಸೂಚನೆಯ ಪ್ರತಿ ತೆಗೆಸಿದ್ದೆ. ಮೈಸೂರು ಸಂಸ್ಥಾನದ ಕಾಲದ್ದು, 1900ರ ಅರಣ್ಯ ರೆಗ್ಯುಲೇಷನ್ ಅಡಿ ಹೊರಟದ್ದು. ಗಡಿಯ ವಿವರಣೆ ಇಡೀ ಒಂದು ಪುಟ: ಇಂಥ ಹಳ್ಳದ ಕೂಡುಬಾಯಿಯಿಂದ ಏರಿ, ದಿಬ್ಬದ ನೆತ್ತಿಯ ಕೇರ್ನ್ ಮುಟ್ಟಿ, ಅಲ್ಲಿಂದ ನೇರ ದಕ್ಷಿಣಕ್ಕೆ ಮುಂದಿನ ಕೇರ್ನ್ ವರೆಗೆ. ಕೇರ್ನ್ ಅಂದರೆ ಗಡಿಗೆ ಒಟ್ಟಿದ ಕಲ್ಲುಗುಪ್ಪೆ. ಏಳು ವರ್ಷದಲ್ಲಿ ನನ್ನ ಕೈಗೆ ಬಂದ ಎಲ್ಲ ಆದೇಶಗಳೂ ಈ ಗೆರೆಯ ಮೇಲೇ ನಿಂತಿವೆ. ಆದರೆ ಆ ಗೆರೆ ನೆಲದಲ್ಲಿ ಎಲ್ಲಿ ಹಾದುಹೋಗುತ್ತದೆಂದು ಅಲ್ಲಿಯ ತನಕ ಒಬ್ಬರೂ ಬಂದು ನೋಡಿರಲಿಲ್ಲ. ಕಂಪ್ಯೂಟರಿನಲ್ಲಿ ನಕಾಶೆಯ ಮೇಲೆ ನಕಾಶೆ ಇಟ್ಟು ಎಳೆದ ಗೆರೆಯನ್ನೇ ನಂಬಿ ನೋಟಿಸ್ ಬರೆದಿದ್ದರು. ಕಾಡು ಉಳಿಯಬೇಕೆಂದು ಮನಸ್ಸಿನಿಂದ ಬಯಸುವ ಅಧಿಕಾರಿಗಳನ್ನೂ ಈ ಓಡಾಟದಲ್ಲಿ ಕಂಡಿದ್ದೇನೆ. ಅವರಿಗೂ ನಮಗೂ ಇದ್ದ ಜಗಳದಲ್ಲಿ ಮುಕ್ಕಾಲು ಪಾಲು ಈ ಗೆರೆಯದ್ದೇ.

ಆ ದಿನ ಸರ್ವೆ ಇಲಾಖೆಯ ಸರ್ವೆಯರ್, ಅರಣ್ಯ ಇಲಾಖೆಯ ಸರ್ವೆಯರ್, ರೇಂಜರ್, ಗ್ರಾಮ ಲೆಕ್ಕಿಗರು, ಎಲ್ಲರೂ ಬಂದರು. ಹದ್ದುಬಸ್ತಿಗೆ, ಅಂದರೆ ಗಡಿ ಅಳೆದು ಗುರುತಿಸುವುದಕ್ಕೆ, ಹಿಡಿದುಕೊಳ್ಳಲು ಒಂದು ಸ್ಥಿರ ಗುರುತು ಬೇಕು. ಬಾಂದುಕಲ್ಲು ಒಂದೂ ಸಿಗಲಿಲ್ಲ. ಗಾಡಿದಾರಿ ರಸ್ತೆಯಾದಾಗ ಹೋಗಿದ್ದವು. ಮಧ್ಯಾಹ್ನ ಎರಡಾಯಿತು. ಅಷ್ಟು ಹೊತ್ತೂ ದರೆಯ ಮೇಲೆ ಕೂತಿದ್ದ ಅಪ್ಪ ಎದ್ದು, "ಕಲ್ಲುಗುಪ್ಪೆ ನಾನು ನೋಡಿದೀನಿ ಸಾರ್. ಸಣ್ಣವ್ನಿದ್ದಾಗ ದನ ಕಾಯುವಾಗ ಅದರ ಮೇಲೇ ಕೂರ್ತಿದ್ವಿ" ಎಂದು ಕತ್ತಿ ಹಿಡಿದು ಕಾನಿನೊಳಗೆ ಹೊರಟರು. ಎಪ್ಪತ್ಮೂರು ವರ್ಷದವರ ಹಿಂದೆ ಅಷ್ಟೂ ಅಧಿಕಾರಿಗಳು. ಮುಕ್ಕಾಲು ಗಂಟೆ ಹುಡುಕಿದ ಮೇಲೆ ಬೆತ್ತದ ಮುಳ್ಳು ಮತ್ತು ಬಳ್ಳಿಗಳ ಕೆಳಗೆ ಸಿಕ್ಕಿತು. ಸೊಂಟದೆತ್ತರದ ಗುಪ್ಪೆ, ಮೇಲಿನ ಅರ್ಧ ಕುಸಿದಿತ್ತು, ಪಾಚಿ ಕಟ್ಟಿ ಕಲ್ಲು ಯಾವುದು ಮಣ್ಣು ಯಾವುದು ತಿಳಿಯುತ್ತಿರಲಿಲ್ಲ. ಅರಣ್ಯ ಇಲಾಖೆಯ ಸರ್ವೆಯರ್ ಪಾಚಿ ಕೆರೆದರು. ಅಡಿಯ ಒಂದು ಚಪ್ಪಟೆ ಕಲ್ಲಿನಲ್ಲಿ ಕೊರೆದ ಸಂಖ್ಯೆ ಇತ್ತು. ಅಧಿಸೂಚನೆಯ ಪುಟದಲ್ಲಿದ್ದ ಸಂಖ್ಯೆಯೇ.

ಅಲ್ಲಿಂದ ಅಳತೆ ಶುರುವಾಗಿ ಮರುದಿನ ಸಂಜೆ ಮುಗಿಯಿತು. ಗೆರೆ ನಮ್ಮ ತೋಟದ ಒಳಗೇ ಹಾದುಹೋಗುತ್ತದೆ. ಅಜ್ಜನ 2 ಎಕರೆಯಲ್ಲಿ 1 ಎಕರೆ 22 ಗುಂಟೆ ಅರಣ್ಯದ ಹೊರಗೆ, 18 ಗುಂಟೆ ಒಳಗೆ. ಅಪ್ಪನ 30 ಗುಂಟೆ, ನನ್ನ 20 ಗುಂಟೆ ಪೂರ್ತಿ ಒಳಗೆ. ನಾವು ಹೇಳಿದ ಹಾಗೂ ಆಗಲಿಲ್ಲ, ಅವರು ಹೇಳಿದ ಹಾಗೂ ಆಗಲಿಲ್ಲ. ಅಜ್ಜನಿಗೆ ಜಾಗ ತೋರಿಸಿದವರು ಕೈ ಬೀಸಿ 'ಅಲ್ಲಿಯವರೆಗೆ' ಎಂದಿರಬೇಕು. ಆ ಬೀಸಿನಲ್ಲಿ 18 ಗುಂಟೆ ಕಾಡು ಸೇರಿಹೋಗಿದೆ.

ನನ್ನ 20 ಗುಂಟೆಯನ್ನು ಬಿಟ್ಟುಕೊಡುತ್ತೇನೆಂದು ಸರ್ವೆ ಮುಗಿದ ವಾರವೇ ಬರೆದುಕೊಟ್ಟೆ. 2005ರ ನಂತರದ್ದಕ್ಕೆ ಯಾವ ಕಾಯ್ದೆಯಲ್ಲೂ ದಾರಿಯಿಲ್ಲ, ಕೇಳುವ ಮುಖವೂ ನನಗಿರಲಿಲ್ಲ. ಫಸಲಿಗೆ ಬಂದಿದ್ದ ಇನ್ನೂರ ಮೂವತ್ತು ಅಡಿಕೆ ಮರ. ಇಲಾಖೆಯವರೇ ಕಡಿಯುತ್ತೇವೆ ಎಂದರು. ನೆಟ್ಟವನು ನಾನೇ, ನಾನೇ ಕಡಿಯುತ್ತೇನೆ ಎಂದೆ. ಎರಡು ದಿನ ಹಿಡಿಯಿತು. ಬಿದ್ದ ಮರದ ಹಾಳೆ ಸೀಳಿದಾಗ ಒಳಗೆ ಬಿಳಿ ಹಿಂಗಾರ ಇನ್ನೂ ಮಡಿಕೆ ಬಿಚ್ಚಿರಲಿಲ್ಲ. ಆ ಮಳೆಗಾಲದಲ್ಲಿ ಅಲ್ಲಿ ನೇರಳೆ, ಹೊನ್ನೆ, ಹಲಸು ನೆಟ್ಟರು. ಅಕೇಶಿಯಾ ಮಾತ್ರ ಬೇಡ ಎಂದು ನಾನು ಕೇಳಿಕೊಂಡಿದ್ದೆ, ರೇಂಜರ್ ಒಪ್ಪಿದರು. ಈಗ ಸಸಿಗಳು ಎದೆಯೆತ್ತರಕ್ಕೆ ಬಂದಿವೆ, ಬೇಸಿಗೆಯಲ್ಲಿ ನಮ್ಮ ಪೈಪಿನಿಂದಲೇ ನೀರು ಬಿಡುತ್ತೇನೆ.

ಹೊರಗೆ ಬಿದ್ದ 1 ಎಕರೆ 22 ಗುಂಟೆಯ ಮೇಲಿನ 64ಎ ಪ್ರಕರಣ ಕೈಬಿಟ್ಟರು. ಜಂಟಿ ಸರ್ವೆಯ ನಕಾಶೆ ಲಗತ್ತಿಸಿ ಹಳೆಯ ನಮೂನೆ 53ಕ್ಕೆ ಮತ್ತೆ ಜೀವ ಕೊಡಿಸಿದ್ದೇನೆ, ಸಮಿತಿಯ ಮುಂದಿದೆ. ಈ ದಾರಿ ಹಿಡಿದಿರುವವರಿಗೆ ನನ್ನದೊಂದು ಬೇಡಿಕೆ: ಖಾಲಿ ಹಾಳೆಗೆ ಸಹಿ ಮಾಡಬೇಡಿ, ಮನೆಯ ಹಿರಿಯರಿಂದಲೂ ಮಾಡಿಸಬೇಡಿ, ಯಾವ ಕಾಗದ ಕೊಟ್ಟರೂ ಮುದ್ದಾಂ, ಅಂದರೆ ಖುದ್ದಾಗಿ, ಕೊಟ್ಟು ಸ್ವೀಕೃತಿಯ ಸೀಲು ಹಾಕಿಸಿಕೊಳ್ಳಿ, ಯಾವ ವಾದಕ್ಕೂ ಮುಂಚೆ ಅರಣ್ಯದ ಮೂಲ ಅಧಿಸೂಚನೆ ತರಿಸಿ ಓದಿ. 2014ರ ಆ ಒಂದು ಸಹಿಯನ್ನು ಅಳಿಸಲು ನಮಗೆ ಹೈಕೋರ್ಟಿನ ತನಕ ಹೋಗಬೇಕಾಯಿತು.

ಉಳಿದದ್ದು ಗೆರೆಯೊಳಗಿನ 1 ಎಕರೆ 8 ಗುಂಟೆ, ಅಜ್ಜನ 18 ಮತ್ತು ಅಪ್ಪನ 30. ಅದು ಜಿಲ್ಲಾ ಸಮಿತಿಯಲ್ಲಿದೆ. 2024ರ ಆರಂಭದಲ್ಲಿ ಅಲ್ಲಿಂದ ಒಂದು ಪತ್ರ ಬಂತು. ಹೇಳಿಕೆ ನೀಡಿದ ಹಿರಿಯರ ವಯಸ್ಸು ಮತ್ತು ಹೇಳಿಕೆಯನ್ನು ಖಚಿತಪಡಿಸಿಕೊಳ್ಳಬೇಕಾಗಿದೆ, ಅವರನ್ನು ಖುದ್ದು ಹಾಜರುಪಡಿಸಿ ಎಂದಿತ್ತು. ಕೆಳಗಿನ ಮನೆ ಅಜ್ಜಿ ಅದರ ಹಿಂದಿನ ಮಳೆಗಾಲದಲ್ಲೇ ತೀರಿಕೊಂಡಿದ್ದರು. ಹೆಬ್ಬೆಟ್ಟಿನ ಗುರುತಿರುವ ಹೇಳಿಕೆಯ ಪ್ರತಿ, ಅದನ್ನು ಬರೆದುಕೊಂಡ ಕಾರ್ಯದರ್ಶಿಯ ಪ್ರಮಾಣಪತ್ರ, ಅಜ್ಜಿಯ ಮರಣ ಪ್ರಮಾಣಪತ್ರ ಮೂರನ್ನೂ ಸೇರಿಸಿ ಪಿನ್ ಹೊಡೆದು ಕೊಟ್ಟು, ಸೀಲು ಹಾಕಿಸಿಕೊಂಡು ಬಂದಿದ್ದೇನೆ.